ಹಾಗಲಕಾಯಿ ತಿಂದ ಹುಡುಗಿ

ಮಕ್ಕಳ ಕತೆಪುಸ್ತಕ ಕೈಗೆ ಸಿಕ್ಕಿದರೆ ನಾನು ಮೊದಲು ತೆರೆಯುವುದು ಕೊನೆಯ ಪುಟವನ್ನು. ಕತೆಯೊಳಗಿನ ಮಗು ಬದುಕಿದೆಯೇ, ಮನೆಗೆ ಬಂದು ಮುಟ್ಟಿತೇ, ಇಷ್ಟು ಖಾತ್ರಿಯಾದ ಮೇಲೆಯೇ ಮೊದಲ ಪುಟಕ್ಕೆ ಬರುವುದು. ನಲವತ್ತೆರಡು ವರ್ಷದ ಹೆಂಗಸು, ಹಲ್ಲಿನ ಡಾಕ್ಟರರ ಕ್ಲಿನಿಕ್ಕಿನಲ್ಲಿ ಬಾಗಿಲ ಎದುರಿಗೇ ಕೂತು ಬಂದವರಿಗೆಲ್ಲ "ಹೆದರಬೇಡಿ, ಏನೂ ನೋಯುವುದಿಲ್ಲ" ಎಂದು ಮೂರು ಭಾಷೆಗಳಲ್ಲಿ ಹೇಳುವವಳು, ನೀನು ಹೀಗೆ ಮಾಡುವುದೇ ಎಂದು ನೀವು ಕೇಳಬಹುದು. ಏನು ಮಾಡಲಿ, ನಾನು ಹುಟ್ಟಾ ಪುಕ್ಕಲಿ. ಲಿಫ್ಟಿನ ಬಾಗಿಲು ಮುಚ್ಚುವಾಗ ಒಮ್ಮೆ, ಗ್ಯಾಸ್ ಆರಿಸಿದ್ದೇನೋ ಇಲ್ಲವೋ ಎಂದು ಒಮ್ಮೆ, ಊರಿನಿಂದ ಹೊತ್ತಲ್ಲದ ಹೊತ್ತಿನಲ್ಲಿ ಫೋನ್ ಬಂದರೆ ಒಮ್ಮೆ, ಹೀಗೆ ದಿನಕ್ಕೆ ನಾಲ್ಕಾರು ಸಲ ನನ್ನ ಜೀವ ಬಾಯಿಗೆ ಬಂದು ಹೋಗುತ್ತದೆ. ದೋಹಾದ ಬಿನ್ ಒಮ್ರಾನಿನ ಈ ಮೂರನೇ ಮಹಡಿಯಲ್ಲಿ ಹದಿಮೂರು ವರ್ಷ ಸಂಸಾರ ಮಾಡಿಯೂ ಅದು ಕಡಿಮೆಯಾಗಿಲ್ಲ. ನನ್ನ ಗಂಡ ದಿನಕರ ಇದನ್ನು ಕಂಡು, "ನಿನ್ನನ್ನು ಯಾರು ಕದ್ಕೊಂಡು ಹೋಗ್ತಾರೆ ಮಾರಾಯ್ತಿ, ಹೋದ್ರೆ ಅವರಿಗೇ ಕಷ್ಟ" ಎನ್ನುತ್ತಾರೆ.

ಕೊನೆಯ ಪುಟದ ಚಟ ಶುರುವಾದದ್ದು ಶಾಲೆಯಲ್ಲಿ. ನಾನು ನಾಲ್ಕನೇ ಕ್ಲಾಸಿನಲ್ಲಿದ್ದಾಗ, ಹೆಜಮಾಡಿಯ ನಮ್ಮ ಶಾಲೆಯ ಲೈಬ್ರರಿ ಎಂದರೆ ಮಾಸ್ಟ್ರ ಕುರ್ಚಿಯ ಹಿಂದಿನ ಒಂದು ಕಬ್ಬಿಣದ ಕಪಾಟು. ಅದರೊಳಗೆ ಅಮೆರಿಕದ ಯಾವುದೋ ಕತೆಯ ಕನ್ನಡ ಅನುವಾದವೊಂದಿತ್ತು. ರಟ್ಟು ಹೋಗಿತ್ತು, ಹೆಸರು ಹೋಗಿತ್ತು, ಬರೆದವರೂ ಹೋಗಿದ್ದರು. ಬಟ್ಟಬಯಲಿನ ನಡುವೆ ಒಂದು ಮರದ ಮನೆ, ಬಹಳ ದೂರದಲ್ಲಿ ಶಾಲೆ. ಹಿಮ ಸುರಿಯತೊಡಗುತ್ತದೆ, ಮಾಸ್ಟ್ರು ಮಕ್ಕಳನ್ನು ಬೇಗ ಬಿಡುತ್ತಾರೆ, ಒಬ್ಬ ಹುಡುಗ ಒಂಟಿಯಾಗಿ ಮನೆ ಕಡೆ ಹೊರಡುತ್ತಾನೆ. ಬೇಲಿ ಮುಚ್ಚಿಹೋಗುತ್ತದೆ, ದಾರಿ ಮುಚ್ಚಿಹೋಗುತ್ತದೆ, ಅವನು ಕೂಗುತ್ತಾನೆ, ಯಾರೂ ಓಗೊಡುವುದಿಲ್ಲ. ಅಲ್ಲಿಗೆ ಪುಸ್ತಕ ಮುಗಿಯಿತು. ಮುಗಿದದ್ದಲ್ಲ, ಮುಂದಿನ ಹಾಳೆಗಳನ್ನು ಗೆದ್ದಲು ತಿಂದಿತ್ತು.

ಹಿಮ ಎಂದರೆ ಏನೆಂದು ನನಗೆ ಗೊತ್ತಿರಲಿಲ್ಲ. ಐಸ್‌ಕ್ಯಾಂಡಿ ಮಾರುವವನ ಡಬ್ಬಿಯ ಒಳಗೋಡೆಗೆ ಹತ್ತಿಕೊಂಡಿರುತ್ತಿದ್ದ ಬಿಳಿಯನ್ನು ಉಗುರಿನಲ್ಲಿ ಕೆರೆದು ನಾಲಿಗೆಗೆ ಇಟ್ಟಿದ್ದೆ, ಅಷ್ಟೇ ನನ್ನ ಹಿಮಜ್ಞಾನ. ಆದರೂ ಆ ಹುಡುಗನಿಗಾಗಿ ಹೆದರಿದ್ದೇ ಹೆದರಿದ್ದು. ನಾನು ಊಟಕ್ಕೆ ಕೂತರೆ ಅವನು ಇನ್ನೂ ನಡೆಯುತ್ತಿದ್ದಾನೆ. ಸ್ನಾನಕ್ಕೆ ಹೋದರೆ ನಡೆಯುತ್ತಿದ್ದಾನೆ. ತಿಂಗಳೊಂದಾದ ಮೇಲೆ ಧೈರ್ಯ ಮಾಡಿ ಮಾಸ್ಟ್ರನ್ನು ಕೇಳಿದೆ: "ಸರ್, ಆ ಹುಡುಗ ಮನೆಗೆ ಮುಟ್ಟಿದ್ನಾ?" ಮಾಸ್ಟ್ರು ಹಾಜರಿ ಪುಸ್ತಕದಿಂದ ತಲೆಯೆತ್ತಲಿಲ್ಲ. "ಮುಟ್ಟಿರ್ತಾನೆ. ಅಮೆರಿಕದವರಲ್ವಾ, ಅವರಿಗೆ ಅದೆಲ್ಲ ಅಭ್ಯಾಸ ಉಂಟು" ಎಂದರು. ನನಗೆ ಸಮಾಧಾನವಾಗಲಿಲ್ಲ. ಅಭ್ಯಾಸ ಇದ್ದವರಿಗೆ ಚಳಿಯಾಗುವುದಿಲ್ಲವೇ?

ಈಗ ಯೋಚಿಸಿದರೆ ನಾನು ಹೆದರಿದ್ದು ಬರಿಯ ಆ ಹುಡುಗನಿಗಾಗಿ ಅಲ್ಲ. ಆ ವರ್ಷವೇ ನನ್ನನ್ನು ಬೊಂಬಾಯಿಯಿಂದ ತಂದು ಹೆಜಮಾಡಿಯ ದೊಡ್ಡಮ್ಮನ ಮನೆಯಲ್ಲಿ ಬಿಟ್ಟದ್ದು. ಅಪ್ಪ ಬೊಂಬಾಯಿಯಲ್ಲಿ ಒಂದು ಕ್ಯಾಂಟೀನ್ ನಡೆಸುತ್ತಿದ್ದರು, ಅದು ನಿಂತುಹೋಯಿತು, ಇದ್ದ ಖೋಲಿ ಬಿಡಬೇಕಾಯಿತು. "ರಜೆ ಮುಗಿಯುವ ತನಕ ಇರು ಮಗಾ" ಎಂದು ಅಮ್ಮ ಹೇಳಿ ಹೋದರು. ಆ ರಜೆ ಮುಗಿಯಲು ನಾಲ್ಕು ವರ್ಷ ಬೇಕಾಯಿತು. ದೊಡ್ಡಮ್ಮ ಕೆಟ್ಟವಳೇನಲ್ಲ, ಹಾಗೆ ಹೇಳಿದರೆ ನನ್ನ ಬಾಯಲ್ಲಿ ಹುಳ ಬೀಳಲಿ. ತನ್ನ ಮೂವರು ಮಕ್ಕಳಿಗೆ ಬಡಿಸಿದ್ದನ್ನೇ ನನಗೂ ಬಡಿಸಿದಳು. ಆದರೆ ನಾನು ಎರಡನೇ ಸಲ ಅನ್ನ ಕೇಳಲಿಲ್ಲ. ಕೇಳಿದರೆ ಎಲ್ಲಿ ಭಾರವಾದೇನೋ ಎಂದು "ಹಸಿವಿಲ್ಲ ದೊಡ್ಡಮ್ಮ" ಎನ್ನಲು ಕಲಿತೆ. ಚಾಪೆ ನಾನೇ ಸುತ್ತಿಟ್ಟೆ, ಹೇಳುವ ಮೊದಲೇ ಅಂಗಳ ಗುಡಿಸಿದೆ. ಅಕ್ಕಪಕ್ಕದವರೆಲ್ಲ ಹೊಗಳಿದರು: "ಎಂತ ಒಳ್ಳೆ ಹುಡುಗಿ, ಒಂದು ತಕರಾರಿಲ್ಲ." ಆ ಹೊಗಳಿಕೆ ನನಗೆ ಎಷ್ಟು ರುಚಿಸಿತೆಂದರೆ, ಅದು ಎಲ್ಲಿ ತಪ್ಪಿಹೋಗುತ್ತದೋ ಎಂಬ ಇನ್ನೊಂದು ಹೆದರಿಕೆ ಹೊಸದಾಗಿ ಸೇರಿಕೊಂಡಿತು. ಇದನ್ನು ನಾನು ಯಾರಿಗೂ ಹೇಳಿದವಳಲ್ಲ. ಯಾರಾದರೂ ಕೇಳಿದರೆ "ದೊಡ್ಡಮ್ಮನ ಮನೆಯಲ್ಲಿ ಭಾರೀ ಖುಷಿ ಇತ್ತು" ಎಂದೇ ಹೇಳುತ್ತಿದ್ದೆ.

ಹೋಗಲಿ, ಹೇಳಹೊರಟದ್ದು ಪುಸ್ತಕಗಳ ವಿಷಯ. ಎರಡು ತಿಂಗಳ ಹಿಂದೆ ನಮ್ಮ ಮೇಲಿನ ಮಹಡಿಯ ಮಲಯಾಳಿ ಕುಟುಂಬ ಇಲ್ಲಿಯದೆಲ್ಲ ಖಲಾಸ್ ಮಾಡಿಕೊಂಡು ಊರಿಗೆ ಹೊರಟಿತು. ಹೀಗೆ ಹೊರಡುವವರು ಒಯ್ಯಲಾಗದ್ದನ್ನು ಲಿಫ್ಟಿನ ಬಳಿ ಇಟ್ಟು ಹೋಗುವುದು ನಮ್ಮ ಕಟ್ಟಡದ ರೂಢಿ. ಇಸ್ತ್ರಿ ಮೇಜು, ಅರ್ಧ ಸತ್ತ ಮನಿಪ್ಲಾಂಟ್, ಚಕ್ರವೊಂದು ಕಡಿಮೆಯಿರುವ ಸೈಕಲ್ಲು. ಇವರು ಇಟ್ಟದ್ದು ಒಂದು ಚೀಲ ಪುಸ್ತಕ. ನನ್ನ ಮಗಳು ಚಾರ್ವಿ, ಒಂಬತ್ತು ವರ್ಷದವಳು, ಅದನ್ನು ನೆಲದ ಮೇಲೆ ಎಳೆದುಕೊಂಡೇ ಮನೆಗೆ ತಂದಳು. ಎಲ್ಲ ಅಮೆರಿಕದ ಹಳೆಯ ಮಕ್ಕಳ ಕತೆಗಳು. ನಾನು ಪದ್ಧತಿಯ ಪ್ರಕಾರ ಒಂದೊಂದರ ಕೊನೆಯ ಪುಟ ನೋಡುತ್ತ ಕೂತೆ.

ಅಂಥ ಕತೆಗಳನ್ನು ನೀವು ಓದಿದ್ದರೆ ನಿಮಗೂ ಗೊತ್ತಿರುತ್ತದೆ, ಅವುಗಳಲ್ಲಿ ಅಪ್ಪ ಅಮ್ಮ ಹೆಚ್ಚು ಹೊತ್ತು ಬಾಳುವುದಿಲ್ಲ. ಮೊದಲ ಅಧ್ಯಾಯದಲ್ಲಿ ಜ್ವರ ಬರುತ್ತದೆ, ಎರಡನೆಯದರಲ್ಲಿ ಮಕ್ಕಳು ದಿಕ್ಕಿಲ್ಲದವರಾಗುತ್ತಾರೆ, ಮೂರನೆಯದರಲ್ಲಿ ಒಬ್ಬಳು ಸಿಡುಕಿನ ಸಂಬಂಧಿ ಬಂದು ಕೈಹಿಡಿದು ಎಳೆದುಕೊಂಡು ಹೋಗುತ್ತಾಳೆ. ಮಕ್ಕಳು ಕೊಟ್ಟಿಗೆಯಲ್ಲಿ ಮಲಗುತ್ತಾರೆ, ತೆಪ್ಪ ಕಟ್ಟಿ ಹೊಳೆಗೆ ಇಳಿಯುತ್ತಾರೆ, ತೋಳ ಬಂದರೆ ಕೊಳ್ಳಿ ಹಿಡಿದು ಓಡಿಸುತ್ತಾರೆ. ಇಲ್ಲಿ ಶಾಲೆಯ ಬಸ್ಸಿನಿಂದ ಇಳಿದು ಗೇಟಿನವರೆಗೆ ಇಪ್ಪತ್ತು ಹೆಜ್ಜೆ ಒಬ್ಬಳೇ ಬರಲು ನಾನು ಬಿಡದ ನನ್ನ ಮಗಳು, ಸೋಫಾದ ಮೇಲೆ ಕಾಲು ಚಾಚಿಕೊಂಡು, ಏಸಿಯ ಗಾಳಿಯಲ್ಲಿ, ತನ್ನ ಪ್ರಾಯದ ಹುಡುಗಿಯೊಬ್ಬಳು ಹತ್ತಿ ಗಿರಣಿಯಲ್ಲಿ ಹನ್ನೆರಡು ಗಂಟೆ ನಿಂತು ದುಡಿದದ್ದನ್ನು ಓದುತ್ತಿದ್ದಳು.

"ಹೆದರಿಕೆ ಆಗುದಿಲ್ವಾ ನಿಂಗೆ?" ಎಂದು ಕೇಳಿದೆ.

"ಇಲ್ಲಮ್ಮ. ಅವರಿಗೆ ಹೋಮ್‌ವರ್ಕೇ ಇಲ್ಲ, ಲಕ್ಕಿ" ಎಂದಳು.

ಆ ಚೀಲದಲ್ಲಿದ್ದ ಒಂದು ನೀಲಿ ರಟ್ಟಿನ ಪುಸ್ತಕ ಮಾತ್ರ ಅವಳ ಕೈ ಬಿಡಲಿಲ್ಲ. ನೂರು ವರ್ಷಕ್ಕೂ ಹಿಂದೆ ಅಮೆರಿಕದಲ್ಲಿ ದೊಡ್ಡ ಪಟ್ಟಣಗಳ ದಿಕ್ಕಿಲ್ಲದ ಮಕ್ಕಳನ್ನು ರೈಲು ಹತ್ತಿಸಿ ಪಶ್ಚಿಮದ ಹಳ್ಳಿಗಳಿಗೆ ಕಳಿಸುತ್ತಿದ್ದರಂತೆ. ಇದು ಕಟ್ಟುಕತೆಯಲ್ಲ, ನಡೆದದ್ದು. ಮಕ್ಕಳು ಬರುವ ಮೊದಲೇ ಊರಿನಲ್ಲಿ ಕಾಗದ ಅಂಟಿಸುವುದು: ಇಂಥ ದಿನ ಇಷ್ಟು ಮಕ್ಕಳು ಬರುತ್ತಾರೆ, ಮೈ ಗಟ್ಟಿಯಿದೆ, ಹೇಳಿದ ಮಾತು ಕೇಳುತ್ತಾರೆ. ಬಂದ ಮಕ್ಕಳನ್ನು ಸ್ಟೇಷನ್ನಿನಲ್ಲೋ ಚರ್ಚಿನಲ್ಲೋ ಸಾಲಾಗಿ ನಿಲ್ಲಿಸುವುದು. ಬೇಕಾದವರು ಬಂದು ಆರಿಸಿಕೊಳ್ಳುವುದು. ಕೆಲವರು ತೋಳು ಹಿಸುಕಿ ನೋಡುತ್ತಿದ್ದರಂತೆ, ಹೊಲದ ಕೆಲಸಕ್ಕೆ ಆದೀತೇ ಎಂದು. ಯಾರಿಗೂ ಬೇಡವಾದವರು ಮತ್ತೆ ರೈಲು ಹತ್ತಿ ಮುಂದಿನ ಸ್ಟೇಷನ್ನಿಗೆ. ಚಾರ್ವಿಯ ಪುಸ್ತಕದಲ್ಲಿ ಹಾಗೆ ಹೋಗುವವರು ಅಕ್ಕ ತಮ್ಮ ಇಬ್ಬರು. ಕೊನೆಯ ಪುಟದಲ್ಲಿ ಇಬ್ಬರೂ ಒಂದೇ ಮನೆಯ ಮೆಟ್ಟಿಲ ಮೇಲೆ ಕೂತು ಸೇಬು ತಿನ್ನುತ್ತಿದ್ದರು. ಸರಿ, ಓದಲಿ ಎಂದೆ. ಕೊನೆಯ ಪುಟ ನೋಡಿದ ಮಾತ್ರಕ್ಕೆ ನಡುವಿನದು ತಿಳಿಯುವುದಿಲ್ಲ ಎಂಬುದು ಇಷ್ಟು ಪ್ರಾಯವಾದರೂ ನನ್ನ ತಲೆಗೆ ಹೋಗಿರಲಿಲ್ಲ.

ಒಂದು ಸಂಜೆ ಅವಳು ಅಡುಗೆಮನೆಯ ಬಾಗಿಲಿಗೆ ಬಂದು ನಿಂತಳು. ನಾನು ಹಾಗಲಕಾಯಿ ಹೆಚ್ಚುತ್ತಿದ್ದೆ.

"ಅಮ್ಮ, ಟ್ರೈನಲ್ಲಿ ಕಳಿಸಿದ್ದಲ್ವಾ, ಅದ್ರಲ್ಲಿ ಕೆಲವು ಮಕ್ಕಳಿಗೆ ಪೇರೆಂಟ್ಸ್ ಇದ್ರಂತೆ. ಇದ್ರೂ ಕಳಿಸಿದ್ರಾ?"

"ಹೌದಂತೆ. ಬಡವರಲ್ವಾ, ಸಾಕ್ಲಿಕ್ಕೆ ಆಗ್ತಿರ್ಲಿಲ್ಲ."

"ಮತ್ತೆ ಕರ್ಕೊಂಡು ಬರ್ಲಿಲ್ವಾ?"

"ಕೆಲವರು ಬಂದಿರಬಹುದು. ಮಕ್ಕಳ ಒಳ್ಳೇದಕ್ಕೇ ಅಲ್ವಾ ಮಗಾ ಕಳಿಸಿದ್ದು."

ಅವಳು ಹೆಚ್ಚಿಟ್ಟ ಹಾಗಲಕಾಯಿಯನ್ನು ನೋಡಿ, "ಓಕೆ" ಎಂದು ಹೋದಳು. ಆ ದಿನ ಊಟಕ್ಕೆ ಹಾಗಲಕಾಯಿ ಪಲ್ಯವನ್ನು ತಾನಾಗಿಯೇ ಬಡಿಸಿಕೊಂಡು ತಿಂದಳು. ಒಂಬತ್ತು ವರ್ಷದಲ್ಲಿ ಮೊದಲ ಸಲ. ನಾನು ಖುಷಿಯಿಂದ ಅದರ ಫೋಟೋ ತೆಗೆದು ಊರಿಗೆ ಕಳಿಸಿದೆ. ನೋಡಿ ನನ್ನ ಬುದ್ಧಿ.

ಈಗ ನಮ್ಮ ಮನೆಯ ಸಂಗತಿ ಹೇಳಬೇಕು. ದಿನಕರ ಕೆಲಸ ಮಾಡುವುದು ದೊಡ್ಡ ಕಟ್ಟಡಗಳ ಏಸಿ ನೋಡಿಕೊಳ್ಳುವ ಒಂದು ಕಂಪನಿಯಲ್ಲಿ. ಏಪ್ರಿಲಿನಿಂದ ಅಲ್ಲಿ ಒಂದು ಲಿಸ್ಟಿನ ಸುದ್ದಿ ಓಡಾಡುತ್ತಿದೆ. ಯಾರು ಇರುತ್ತಾರೆ, ಯಾರು ಹೋಗುತ್ತಾರೆ ಎಂಬ ಲಿಸ್ಟು. ಹೋಗಬೇಕಾದವರಿಗೆ ಆಫೀಸಿನಿಂದ ಕರೆ ಬರುವುದು ಗುರುವಾರ, ವಾರದ ಕೊನೆಯ ಕೆಲಸದ ದಿನ. ಹಾಗಾಗಿ ನಮ್ಮ ಮನೆಯಲ್ಲಿ ಗುರುವಾರ ಸಂಜೆಯವರೆಗೆ ಯಾರೂ ಸರಿಯಾಗಿ ಉಸಿರಾಡುವುದಿಲ್ಲ. ಮನೆ ಕಂಪನಿಯದ್ದು. ಕೆಲಸ ಹೋದರೆ ಮನೆಯೂ ಹೋಯಿತು. ಬೇರೆ ಕೆಲಸ ಸಿಗುವ ತನಕ ದೋಹಾ ಅಲ್ ಜದೀದಾದ ಕಡೆ ಯಾರದಾದರೂ ಮನೆಯಲ್ಲಿ ಒಂದು ಕೋಣೆ ಹಿಡಿದು, ನನ್ನ ಕ್ಲಿನಿಕ್ಕಿನ ಸಂಬಳದಲ್ಲಿ ದಿನ ದೂಡಬೇಕು. ಅಂಥಲ್ಲಿ ಮಗುವನ್ನು ಇಟ್ಟುಕೊಳ್ಳುವುದು ಹೇಗೆ? ಸುರತ್ಕಲ್ಲಿನಲ್ಲಿ ದಿನಕರರ ಅಕ್ಕ ಕುಸುಮಕ್ಕ ಇದ್ದಾರೆ, ಬಹಳ ಒಳ್ಳೆಯವರು. ಜೂನಿನಲ್ಲಿ ಅಲ್ಲಿ ಶಾಲೆ ಶುರು. ಮೇ ಕೊನೆಗೆ ನಮ್ಮ ಪರಿಚಯದ ಗಂಡ ಹೆಂಡತಿ ಊರಿಗೆ ಹೋಗುವವರಿದ್ದಾರೆ, ಅವರ ಜೊತೆ ಚಾರ್ವಿಯನ್ನು ಕಳಿಸಿಬಿಡುವುದು. ಸದ್ಯಕ್ಕೆ ರಜೆಗೆ ಎಂದು ಹೇಳುವುದು. ಶಾಲೆಯ ವಿಷಯ ಅಲ್ಲಿಗೆ ಹೋದ ಮೇಲೆ ಕುಸುಮಕ್ಕ ನಿಧಾನಕ್ಕೆ ತಿಳಿಸಿದರಾಯಿತು.

ಈ ಏರ್ಪಾಡು ಮಾಡಿದವಳು ನಾನೇ. ಇದನ್ನು ಬರೆಯಲು ನನಗೆ ನಾಚಿಕೆಯಾಗುತ್ತದೆ, ಆದರೆ ಮಾಡುವಾಗ ಆಗಲಿಲ್ಲ. ಹೆದರಿದವರಿಗೆ ಏನಾದರೊಂದು ಏರ್ಪಾಡು ಮಾಡಿ ಮುಗಿಸುವುದೇ ದೊಡ್ಡ ಸಮಾಧಾನ. "ರಜೆಗೆ" ಎಂಬ ಮಾತು ನನ್ನ ಬಾಯಿಂದ ಬಂದಾಗಲೂ ನನಗೆ ಏನೂ ನೆನಪಾಗಲಿಲ್ಲ. ನಂಬುತ್ತೀರಾ?

ಇದೆಲ್ಲವನ್ನೂ ನಾವು ಮಾತಾಡಿದ್ದು ತುಳುವಿನಲ್ಲಿ. ನಮ್ಮಿಬ್ಬರದೂ ತುಳು ಮನೆಮಾತು, ಆದರೆ ಚಾರ್ವಿಯ ಹತ್ತಿರ ಅವಳು ಹುಟ್ಟಿದಾಗಿನಿಂದ ಕನ್ನಡ, ಇಂಗ್ಲಿಷ್ ಮಾತಾಡಿದೆವು. ಶಾಲೆಗೆ ಅನುಕೂಲ ಎಂಬ ನೆಪ, ಒಳಗೆ ಸ್ವಲ್ಪ ದೊಡ್ಡಸ್ತಿಕೆ. ತುಳುವನ್ನು ಗಂಡ ಹೆಂಡಿರ ಜಗಳಕ್ಕೂ ಗುಟ್ಟಿಗೂ ಎತ್ತಿಟ್ಟುಕೊಂಡೆವು. ನಮ್ಮ ಪರಿಚಯದ ಅರ್ಧ ಮನೆಗಳಲ್ಲಿ ಹೀಗೆಯೇ. ಮಗು ಎದುರಿಗೆ ಕೂತು ಚಿತ್ರಕ್ಕೆ ಬಣ್ಣ ತುಂಬುತ್ತಿದ್ದರೂ ಸರಿ, ತುಳುವಿಗೆ ತಿರುಗಿದರೆ ನಡುವೆ ಗೋಡೆ ಎದ್ದಿತು ಎಂದು ನಮ್ಮ ಲೆಕ್ಕ. ಒಂಬತ್ತು ವರ್ಷ ದಿನಾ ಕಿವಿಗೆ ಬಿದ್ದ ಭಾಷೆ ಮಗುವಿಗೆ ಬರುವುದಿಲ್ಲ ಎಂದು ನಂಬಲು ಎಷ್ಟು ಓದಿರಬೇಕು ನೋಡಿ.

ಏರ್ಪಾಡಿನ ಮುಂದಿನ ಭಾಗ ರಟ್ಟಿನ ಪೆಟ್ಟಿಗೆ. ಎದುರು ಮನೆಯ ಜುಬೈದಕ್ಕ ಉಳ್ಳಾಲದವರು, ಇಪ್ಪತ್ತು ವರ್ಷದಿಂದ ಇಲ್ಲಿರುವವರು. ಗಂಡನಿಗೆ ಅಲ್ ಮುಂತಜಾದಲ್ಲಿ ಒಂದು ಸಣ್ಣ ಅಂಗಡಿ, ಮಗ ಫಾಯಿಝ್ ಊರಿನಲ್ಲಿ ಅಜ್ಜಿಯ ಜೊತೆಗಿದ್ದು ಓದುತ್ತಾನೆ. ಊರಿಗೆ ಪೆಟ್ಟಿಗೆ ಕಟ್ಟುವುದರಲ್ಲಿ ಅವರದು ಎತ್ತಿದ ಕೈ. ಚಾರ್ವಿ ಶಾಲೆಗೆ ಹೋದ ಹೊತ್ತಿನಲ್ಲಿ ಬಂದು, ಪೆಟ್ಟಿಗೆಯ ಅಡಿಗೆ ಎರಡು ಸುತ್ತು ಟೇಪು ಹಾಕಿ, ಮಾರ್ಕರ್ ಪೆನ್ನನ್ನು ನನ್ನ ಕೈಗೆ ಕೊಟ್ಟರು. "ಹೆಸರು ಆರೂ ಬದಿಗೆ ಬರೀರಿ ವಿನಯಾ. ಏರ್‌ಪೋರ್ಟಲ್ಲಿ ಹೇಗೆ ಬಿದ್ರೂ ಕಾಣ್ಬೇಕು. ದೊಡ್ಡಕ್ಕೆ ಬರೀರಿ." ಚಾರ್ವಿ, ಸುರತ್ಕಲ್ ಎಂದು ಆರು ಸಲ ಬರೆದೆ. ಒಳಗೆ ಫ್ರಾಕುಗಳನ್ನು ಇಟ್ಟೆ, ಮುಂದಿನ ವರ್ಷಕ್ಕೂ ಆಗಲಿ ಎಂದು ಒಂದು ಸೈಜ್ ದೊಡ್ಡವು. ರಜೆಗೆ ಹೋಗುವವಳಿಗೆ. ಹಗ್ಗ ಬಿಗಿಯುವುದನ್ನು ಕೊನೆಗೆ ಉಳಿಸಿ, ಪೆಟ್ಟಿಗೆಯನ್ನು ಸ್ಟೋರ್‌ರೂಮಿನಲ್ಲಿಟ್ಟು ಮೇಲೆ ಹಳೆಯ ಬೆಡ್‌ಶೀಟ್ ಹೊದಿಸಿದೆವು.

ಅದೇ ದಿನಗಳಲ್ಲಿ ಚಾರ್ವಿ ಒಳ್ಳೆಯವಳಾಗತೊಡಗಿದ್ದು. ಹಾಗಲಕಾಯಿ ಆಯಿತಲ್ಲ, ಮರುದಿನ ಬಸಳೆ ತಿಂದಳು. ತನ್ನ ತಟ್ಟೆ ತಾನೇ ತೊಳೆದಳು, ಆಮೇಲೆ ನಮ್ಮದನ್ನೂ ತೊಳೆದಳು. ಬೆಳಿಗ್ಗೆ ಐದು ಸಲ ಕರೆದರೂ ಏಳದವಳು ಅಲಾರಂ ಇಟ್ಟುಕೊಂಡು ಎದ್ದು, ಹಾಸಿಗೆ ಮಡಚಿ, ಬಸ್ಸು ಬರುವ ಕಾಲು ಗಂಟೆ ಮೊದಲೇ ಬೂಟು ಕಟ್ಟಿ ಕೂತಳು. ಟಿ.ವಿ. ಆರಿಸು ಎಂದರೆ ಆರಿಸಿದಳು. ಒಂದು ಸಂಜೆ ಅಪ್ಪನ ಮುಂದೆ ತೋಳು ಮಡಚಿ ತೋರಿಸಿ, "ಅಪ್ಪ, ಮುಟ್ಟಿ ನೋಡು, ಸ್ಟ್ರಾಂಗ್ ಉಂಟಾ?" ಎಂದು ಕೇಳಿದಳು. ದಿನಕರ ಹಿಸುಕಿ ನೋಡಿ, "ಅಬ್ಬಬ್ಬ, ಪೈಲ್ವಾನ್" ಎಂದು ನಕ್ಕರು. ನಾನೂ ನಕ್ಕೆ. ಕ್ಲಿನಿಕ್ಕಿನಲ್ಲಿ, ವಾಟ್ಸ್ಯಾಪಿನಲ್ಲಿ, ಜುಬೈದಕ್ಕನಲ್ಲಿ ಹೇಳಿಕೊಂಡೆ: ಮಗಳು ಎಷ್ಟು ಒಳ್ಳೆಯವಳಾಗಿದ್ದಾಳೆ, ಹೇಳುವುದೇ ಬೇಡ, ಒಂದು ತಕರಾರಿಲ್ಲ. ಆ ಮಾತು ನನ್ನ ಬಾಯಲ್ಲೇ ಬಂತು, ಆದರೂ ನನ್ನ ಕಿವಿಗೆ ಬೀಳಲಿಲ್ಲ.

ಕಳೆದ ಭಾನುವಾರ ಸಂಜೆ, ಅವಳಿಗೆಂದು ತಂದ ಹೊಸ ಟವೆಲನ್ನು ಪೆಟ್ಟಿಗೆಗೆ ಸೇರಿಸಲು ಸ್ಟೋರಿಗೆ ಹೋದೆ. ಬೆಡ್‌ಶೀಟ್ ಸರಿಸಿ ಮುಚ್ಚಳ ಬಿಡಿಸಿದರೆ, ಬಟ್ಟೆಗಳ ಮೇಲೆ, ನಡುವಿನಲ್ಲಿ, ನೀಟಾಗಿ ಇಟ್ಟ ಒಂದು ಕಾಗದ. ಶಾಲೆಯ ನೋಟ್‌ಬುಕ್ಕಿನಿಂದ ಸ್ಕೇಲು ಇಟ್ಟು ಹರಿದ ಹಾಳೆ. ಚಾರ್ವಿಯ ಉರುಟು ಇಂಗ್ಲಿಷ್ ಅಕ್ಷರ. ಹೆಸರು, ಪ್ರಾಯ, ಕ್ಲಾಸು. ಅದರ ಕೆಳಗೆ ಒಂದೊಂದು ಸಾಲಾಗಿ ಹೀಗೆ ಬರೆದಿದ್ದಳು: ಎಲ್ಲವನ್ನೂ ತಿನ್ನುತ್ತಾಳೆ. ಪಾತ್ರೆ ತೊಳೆಯಲು ಬರುತ್ತದೆ. ಬೇಗ ಏಳುತ್ತಾಳೆ. ತೋಳು ಗಟ್ಟಿಯಿದೆ. ತುಳು ಅರ್ಥವಾಗುತ್ತದೆ. ಅಳುವುದಿಲ್ಲ.

ನಾನು ಆ ಪೆಟ್ಟಿಗೆಯ ಪಕ್ಕದಲ್ಲಿ, ನೆಲದ ಮೇಲೆ ಕೂತುಬಿಟ್ಟೆ. ಇಷ್ಟು ವರ್ಷ ಹೆದರುತ್ತ ಬಂದವಳು ನಾನು, ಹೆದರಿಕೆಯ ಎಲ್ಲ ರುಚಿಯೂ ಗೊತ್ತು ಎಂದುಕೊಂಡಿದ್ದೆ. ಇದು ಗೊತ್ತಿರಲಿಲ್ಲ.  ಮಗುವಿಗೆ ಏನಾದರೂ ಆದೀತು ಎಂದು ದಿನವೂ ಬಾಗಿಲು, ಗ್ಯಾಸು, ಲಿಫ್ಟು ನೋಡಿಕೊಂಡವಳು. ಆಗುವುದು ಆಗಲೇ ಆಗಿಹೋಗಿತ್ತು, ನಮ್ಮ ಊಟದ ಮೇಜಿನಲ್ಲೇ, ನಾವು ನಗುತ್ತಿದ್ದಾಗಲೇ. ಎಷ್ಟು ದಿನದಿಂದ ಅವಳು ಒಬ್ಬಳೇ ತಯಾರಾಗುತ್ತಿದ್ದಾಳೆ? ತುಳುವಿನಲ್ಲಿ ನಾವು ಹೇಳಿದ ಯಾವ ಯಾವ ಮಾತು ಕೇಳಿದ್ದಾಳೆ? ಕೋಣೆಯಿಂದ ಅವಳು ಪಾಠ ಓದುವ ಸದ್ದು ಕೇಳುತ್ತಿತ್ತು. ಎದ್ದು ಹೋಗಿ ಅವಳ ಮುಖ ನೋಡಲು ನನಗೆ ಧೈರ್ಯವಾಗಲಿಲ್ಲ. ನನ್ನ ಮಗಳಿಗೇ ನಾನು ಹೆದರಿದೆ.

ಆರೂವರೆಗೆ ದಿನಕರ ಬಂದರು. ಅಡುಗೆಮನೆಗೆ ಕರೆದು ಕಾಗದ ಕೊಟ್ಟೆ. ಮಾತಾಡಲು ಬಾಯಿ ತೆರೆದರೆ ತುಳು ಬಂತು. ಅರ್ಧದಲ್ಲಿ ನಿಲ್ಲಿಸಿದೆ. ಯಾವ ಭಾಷೆಯಲ್ಲಿ ಮಾತಾಡಬೇಕೆಂದೇ ತಿಳಿಯಲಿಲ್ಲ.

"ಆಟಕ್ಕೆ ಬರೆದದ್ದಿರ್ಬೇಕು, ಆ ಪುಸ್ತಕ ನೋಡಿ" ಎಂದರು ಅವರು. ಮುಖದಲ್ಲಿ ಮಾತ್ರ ಆ ನಂಬಿಕೆ ಇರಲಿಲ್ಲ.

"ಆಟಕ್ಕೆ ಬರೆದದ್ದನ್ನು ನಾವು ಅಡಗಿಸಿಟ್ಟ ಪೆಟ್ಟಿಗೆ ಹುಡುಕಿ ಇಡ್ತಾಳಾ? ಕಳಿಸುದು ಬೇಡ."

"ಮತ್ತೆಂತ ಮಾಡುದು ವಿನಯಾ? ಶೇರಿಂಗ್ ರೂಮಲ್ಲಿ ಇವಳನ್ನು ಇಟ್ಕೊಳ್ಳುದಾ? ನಾಲ್ಕು ಸಂಸಾರಕ್ಕೆ ಒಂದು ಬಾತ್‌ರೂಮ್ ಇರುವಲ್ಲಿ?"

"ಇಟ್ಕೊಳ್ಳುವ. ಆಗದಿದ್ರೆ ಮೂರು ಜನವೂ ಊರಿಗೆ ಹೋಗುವ. ಇವಳೊಬ್ಬಳನ್ನು ಮುಂದೆ ಕಳಿಸಿ ನಾವಿಲ್ಲಿ ಕೂರುದು ಬೇಡ."

"ಅಕ್ಕ ಪರರಾ? ನೀನೇ ಹೇಳಿದ್ದಲ್ವಾ, ಇವಳ ಒಳ್ಳೇದಕ್ಕೆ ಅಂತ. ನೀನೂ ದೊಡ್ಡಮ್ಮನ ಮನೆಯಲ್ಲಿ ಇದ್ದವಳೇ. ಭಾರೀ ಖುಷಿ ಇತ್ತು ಹೇಳ್ತಿದ್ದಿ."

"ಹೇಳ್ತಿದ್ದೆ" ಎಂದೆ.

ಆಮೇಲೆ ಹೇಳಿದೆ. ಮದುವೆಯಾಗಿ ಹದಿನಾಲ್ಕು ವರ್ಷದ ಮೇಲೆ, ಗ್ಯಾಸಿನ ಒಲೆಗೆ ಒರಗಿ ನಿಂತು, ಎರಡನೇ ಸಲ ಕೇಳದ ಅನ್ನದ ಸುದ್ದಿಯನ್ನೆಲ್ಲ ಹೇಳಿದೆ. ನಾಲ್ಕು ವರ್ಷ ಅಳದೆ ಇದ್ದದ್ದನ್ನೂ ಹೇಳಿದೆ. ದಿನಕರ ಕಾಗದವನ್ನು ಇನ್ನೊಮ್ಮೆ ಓದಿದರು. ಕೊನೆಗೆ, "ಅಕ್ಕನಿಗೆ ನಾನೇ ಫೋನ್ ಮಾಡ್ತೇನೆ" ಎಂದು, ಹಾಲಿಗೆ ಹೋಗಿ ಸೋಫಾದಲ್ಲಿ ಕೂತು, ಕೋಣೆಯ ಕಡೆ ತಿರುಗಿ ಕರೆದರು: "ಚಾರ್ವಿ, ಇಂಚಿ ಬಲ."

ಇಲ್ಲಿ ಬಾ ಎಂದು, ತುಳುವಿನಲ್ಲಿ. ಅವಳು ಪುಸ್ತಕ ಮುಚ್ಚಿಟ್ಟು ಬಂದಳು. ನಮ್ಮಿಬ್ಬರ ಎದುರು ಕೈಕಟ್ಟಿ ನಿಂತಳು. ಶಾಲೆಯಲ್ಲಿ ಟೀಚರ ಮುಂದೆ ನಿಲ್ಲುವಂತೆ.

"ನಿನ್ನನ್ನು ಅತ್ತೆ ಮನೆಗೆ ಕಳಿಸುವ ವಿಷಯ..." ಎಂದು ಅವರು ಶುರು ಮಾಡಿದರು.

"ಐ ನೋ ಅಪ್ಪ. ನಂಗೆ ಗೊತ್ತುಂಟು. ನಾನು ಹೋಗ್ತೇನೆ, ನೋ ಪ್ರಾಬ್ಲಮ್. ನಾನು ಅಡ್ಜಸ್ಟ್ ಮಾಡ್ತೇನೆ."

ಎಷ್ಟು ಅಚ್ಚುಕಟ್ಟಾಗಿ ಹೇಳಿದಳು. ಎಷ್ಟು ಸಲ ಹೇಳಿ ಅಭ್ಯಾಸ ಮಾಡಿದ್ದಳೋ.

"ಬೇಡ ಮಗಾ" ಎಂದೆ. "ನೀನು ಒಬ್ಬಳೇ ಹೋಗುದಿಲ್ಲ. ಹೋದ್ರೆ ಮೂರು ಜನ ಹೋಗುದು, ಇದ್ರೆ ಮೂರು ಜನ ಇರುದು."

"ಮತ್ತೆ ಅಪ್ಪನ ಲಿಸ್ಟ್?"

ಅದೂ ಗೊತ್ತಿತ್ತು. "ಅದು ಎಂತ ಆಗ್ತದೆ ಗೊತ್ತಿಲ್ಲ" ಎಂದೆ. "ನಂಗೆ ತುಂಬ ಹೆದರಿಕೆ ಉಂಟು. ಅಪ್ಪನಿಗೂ ಉಂಟು." ಇಂದು ಮಂಗಳವಾರ, ಇದನ್ನು ಬರೆಯುವಾಗಲೂ ಗೊತ್ತಿಲ್ಲ. ಗುರುವಾರಕ್ಕೆ ಇನ್ನೂ ಎರಡು ದಿನವಿದೆ.

ಅವಳು ನನ್ನನ್ನು ನೋಡಿದಳು, ಅಪ್ಪನನ್ನು ನೋಡಿದಳು. ಕಟ್ಟಿದ ಕೈ ಬಿಡಲಿಲ್ಲ.

"ನಾನು ಗುಡ್ ಗರ್ಲ್ ಅಲ್ಲದಿದ್ರೂ?"

"ಅಲ್ಲದಿದ್ರೂ" ಎಂದರು ದಿನಕರ.

ಆಗ ಅತ್ತಳು. ಸಣ್ಣಗೆ ಶುರುವಾದದ್ದಲ್ಲ, ಒಮ್ಮೆಗೇ ಗಂಟಲು ಬಿಚ್ಚಿ, ನೆಲದ ಮೇಲೆ ಕೂತು, ಕಾಲು ಬಡಿದು ಅತ್ತಳು. ಎರಡು ವರ್ಷದವಳಿದ್ದಾಗ ಹಾಗೆ ಅಳುತ್ತಿದ್ದಳು. ನಾನು ತಬ್ಬಿಕೊಳ್ಳಲು ಹೋದರೆ ನನ್ನ ಎದೆಗೆ ಗುದ್ದಿದಳು, "ನೀನು ರಜೆ ಅಂತ ಸುಳ್ಳು ಹೇಳುವವಳಿದ್ದಿ" ಎಂದು ಕಿರುಚಿದಳು. ಹೌದು ಎಂದೆ. ಇನ್ನೊಂದು ಗುದ್ದಿದಳು. ತೋಳು ನಿಜಕ್ಕೂ ಗಟ್ಟಿಯಿತ್ತು. ದಿನಕರ ಕಿಟಕಿ ಮುಚ್ಚಲು ಎದ್ದವರು ಮುಚ್ಚದೆ ನಮ್ಮ ಪಕ್ಕದಲ್ಲೇ ಬಂದು ಕೂತರು.

ಬಾಗಿಲ ಬೆಲ್ ಆಯಿತು. ಚಾರ್ವಿಯನ್ನು ಅವರ ಮಡಿಲಿಗೆ ಬಿಟ್ಟು ಹೋಗಿ ಬಾಗಿಲು ತೆರೆದೆ. ಜುಬೈದಕ್ಕ, ಕೈಯಲ್ಲಿ ಹಿಟ್ಟು.

"ಎಂತ ಆಯ್ತು? ಮಗು ಬಿತ್ತಾ?"

"ಇಲ್ಲ ಜುಬೈದಕ್ಕ. ಅವಳಿಗೆ ಎಲ್ಲ ಗೊತ್ತಿತ್ತು. ಕಳಿಸುದಿಲ್ಲ ಅಂತ ಹೇಳಿದೆವು, ಅದಕ್ಕೆ ಅಳ್ತಿದ್ದಾಳೆ."

"ಕಳಿಸುದಿಲ್ವಾ?"

"ಇಲ್ಲ. ಹೋದ್ರೆ ಮೂರು ಜನ."

 ಒಳಗೆ ಚಾರ್ವಿಯ ದನಿ ಇನ್ನೂ ಏರುತ್ತಿತ್ತು.

"ಫಾಯಿಝ್ ಹೋಗುವಾಗ ಒಂದು ಹನಿ ಕಣ್ಣೀರು ಹಾಕ್ಲಿಲ್ಲ" ಎಂದರು. "ಏರ್‌ಪೋರ್ಟಲ್ಲಿ ನಂಗೇ ಧೈರ್ಯ ಹೇಳಿದ. ಹನ್ನೊಂದು ವರ್ಷ ಅವನಿಗೆ ಆಗ. ಈಗ್ಲೂ ಫೋನಲ್ಲಿ ಎಂತ ಕೇಳಿದ್ರೂ, ಎಲ್ಲ ಸುಖ ಉಮ್ಮ. ಊಟ ಆಯ್ತಾ, ಆಯ್ತು ಉಮ್ಮ. ಎಂತಾದ್ರೂ ಬೇಕಾ, ಬೇಡ ಉಮ್ಮ. ನಾನು ಎಲ್ಲರ ಹತ್ರ ಹೇಳ್ತಿದ್ದೆ, ಎಂತ ಒಳ್ಳೆ ಮಗ ಅಂತ."

 ಒಳಗೆ ಬನ್ನಿ ಎಂದೆ. ಅವರು ಬರಲಿಲ್ಲ, ಹೋಗಲೂ ಇಲ್ಲ. ಹಿಟ್ಟಿನ ಕೈಯನ್ನು ಬಾಗಿಲ ಚೌಕಟ್ಟಿಗೆ ಊರಿ, ಒಳಗಿನ ಅಳುವನ್ನು ಕೇಳುತ್ತ ನಿಂತರು.

"ಅಳ್ಲಿ ಬಿಡಿ, ನಿಲ್ಲಿಸ್ಬೇಡಿ" ಎಂದರು. ಆಮೇಲೆ, "ಊರಲ್ಲಿ ಈಗ ಎಷ್ಟು ಗಂಟೆ?" ಎಂದು ನನ್ನನ್ನು ಕೇಳಿದರು. ಇಪ್ಪತ್ತು ವರ್ಷದಿಂದ ಇಲ್ಲಿರುವವರು.

"ಒಂಬತ್ತೂವರೆ" ಎಂದೆ.

"ಎದ್ದಿರ್ತಾನೆ" ಎಂದು ಹೇಳಿ, ಕೈ ತೊಳೆಯದೆಯೇ ಫೋನ್ ಹುಡುಕಲು ಅವರು ಮನೆಯೊಳಗೆ ಓಡಿದರು.